ಮೂರನೇ ಹಾಡಿನ ಕೂಗು

ಆ ಆಲ್ಬಮ್ಮಿನಲ್ಲಿ ಏಳು ಹಾಡುಗಳಿವೆ. ಒಂದು ಪ್ರೇಮದ್ದು, ಅದರಲ್ಲಿ ನಾಯಕಿಗೆ ನಗುವುದು ಬಿಟ್ಟರೆ ಬೇರೆ ಕೆಲಸವಿಲ್ಲ. ಒಂದು ತಾಯಿಯದ್ದು, ತಾಯಿ ಸತ್ತ ಮೇಲೆ ಬರುತ್ತದೆ. ಉಳಿದ ಐದೂ ನಾಯಕ ನಡೆಯುವುದರ ಬಗ್ಗೆ. ಜೈಲಿನಿಂದ ಹೊರಗೆ ನಡೆಯುತ್ತಾನೆ, ಮೆಟ್ಟಿಲು ಇಳಿಯುತ್ತಾ ನಡೆಯುತ್ತಾನೆ, ಹಿಂದೆ ಜೀಪು ಧಗಧಗ ಉರಿಯುತ್ತಿರುವಾಗ ತಿರುಗಿಯೂ ನೋಡದೆ ನಡೆಯುತ್ತಾನೆ. ಒಬ್ಬ ಮನುಷ್ಯ ನಡೆಯುವುದಕ್ಕೆ ಇಷ್ಟೊಂದು ಚೆಂಡೆ ಬೇಕಾಗುತ್ತದೆ ಎಂದು ಎಂ.ಎ. ಮಾಡುವಾಗ ನನಗೆ ಯಾರೂ ಹೇಳಿಕೊಟ್ಟಿರಲಿಲ್ಲ.

ಚಿತ್ರದ ಹೆಸರು ಬರೆಯುವುದಿಲ್ಲ. ಅದರಲ್ಲಿ ಒಂದು ಆಯುಧವೂ ಒಂದು ಅಂಕಿಯೂ ಇವೆ, ಅಷ್ಟು ಸಾಕು. ನಾಯಕನನ್ನು ಅಭಿಮಾನಿಗಳು ಅಣ್ಣನ್ ಎನ್ನುತ್ತಾರೆ. ಅಣ್ಣನ್‌ಗೆ ಮಂಡಿನೋವು. ನಡೆಯುವ ದೃಶ್ಯಗಳಲ್ಲಿ ಅರ್ಧದಷ್ಟನ್ನು ಬೇರೆಯವನು ನಡೆದುಕೊಟ್ಟಿದ್ದಾನೆ.

ಸಂಗೀತ ಎಲ್ವಿನ್ ಇಟ್ಟಿಯದು. ಕೊಚ್ಚಿಯ ಕಡವಂತ್ರದಲ್ಲಿ, ಒಂದು ಬೇಕರಿಯ ಮೇಲಿನ ಮಹಡಿಯಲ್ಲಿ ಅವನ ಸ್ಟುಡಿಯೊ. ನಾನು ಅಲ್ಲಿ ಎರಡು ವರ್ಷದಿಂದ ಇದ್ದೆ. ನನ್ನ ಕೆಲಸಕ್ಕೆ ಹೆಸರಿರಲಿಲ್ಲ. ಮಲಯಾಳಂ ಓದಲು ಬಾರದ ಮಲಯಾಳಿ ಗಾಯಕರಿಗೆ ಸಾಹಿತ್ಯವನ್ನು ಇಂಗ್ಲಿಷ್ ಅಕ್ಷರಗಳಲ್ಲಿ ದಪ್ಪಗೆ ಬರೆದುಕೊಡುವುದು, ಯಾವ ಹಾಡಿಗೆ ಯಾರು ಕೊಳಲು ಊದಿದರು, ಯಾರು ಕೋರಸ್ಸಿನಲ್ಲಿದ್ದರು ಎಂದು ಹೆಸರಿನ ಪಟ್ಟಿ ಟೈಪ್ ಮಾಡುವುದು, ಎಲ್ವಿನ್ ಎಲ್ಲೋ ಇಟ್ಟು ಮರೆತ ಕನ್ನಡಕ ಹುಡುಕುವುದು. ಮಾತಾಡುವುದು ನನ್ನ ಕೆಲಸದಲ್ಲಿ ಸೇರಿರಲಿಲ್ಲ, ಅದಕ್ಕೇ ಅದು ನನಗೆ ಒಗ್ಗಿತ್ತು. ಹೇಳಬೇಕಾದ್ದನ್ನೆಲ್ಲ ಹಾಸ್ಟೆಲ್ಲಿಗೆ ಬಂದು ಡೈರಿಯಲ್ಲಿ ಬರೆಯುತ್ತಿದ್ದೆ. ಡೈರಿ ‘ಆಂ? ಏನಂದೆ?’ ಎಂದು ಕೇಳುವುದಿಲ್ಲ.

ಮೂರನೇ ಹಾಡು, ಅಂದರೆ ನಾಯಕ ಮೊದಲ ಸಲ ತೆರೆಯ ಮೇಲೆ ಬರುವ ಹಾಡು, ಎಲ್ವಿನ್‌ನ ತಲೆ ತಿಂದಿತು. ಅವನಿಗೆ ‘ಕಚ್ಚಾ ಸದ್ದು’ ಬೇಕಿತ್ತು. ಕಬ್ಬಿಣದ ಪೈಪುಗಳನ್ನು ಬಡಿಸಿದ. ಯಾರದೋ ತೋಟದ ಹಂದಿಗಳ ಗುಟುರು ತರಿಸಿದ. ಕೆಳಗಿನ ಬೇಕರಿಯಲ್ಲಿ ಹಿಟ್ಟು ನಾದುವ ಯಂತ್ರದ ಮುಂದೆ ಮೈಕು ಹಿಡಿದು ಒಂದು ಬೆಳಿಗ್ಗೆಯೆಲ್ಲ ಕೂತಿದ್ದ. ಕೂದಲು ಗಂಟು ಕಟ್ಟಿಕೊಂಡು, ಹಣೆ ಒತ್ತಿಕೊಳ್ಳುತ್ತಾ, ‘ಇದರಲ್ಲಿ ಮಣ್ಣಿಲ್ಲ, ಮಣ್ಣಿಲ್ಲ’ ಎನ್ನುತ್ತಿದ್ದ. ಅವನು ಬರಿಗಾಲಲ್ಲಿ ಮಣ್ಣು ತುಳಿದದ್ದನ್ನು ನಾನಂತೂ ನೋಡಿಲ್ಲ.

ನಮ್ಮೂರು ಕುಟ್ಟನಾಡಿನ ಚೇನ್ನಂಕರಿ. ಅಪ್ಪಚ್ಚ, ಅಂದರೆ ನನ್ನ ತಂದೆ ಕುರುವಿಳ, ಬಾತುಕೋಳಿ ಸಾಕುತ್ತಾರೆ. ಒಂಬೈನೂರು ಬಾತುಗಳು. ಬೆಳಿಗ್ಗೆ ಕೊಯ್ಲಾದ ಗದ್ದೆಗೆ ಬಿಡುವುದು, ಸಂಜೆ ಕೂಗಿ ದೊಡ್ಡಿಗೆ ತುಂಬುವುದು. ಬಾತಿನವರಲ್ಲಿ ಒಬ್ಬೊಬ್ಬರಿಗೂ ಒಂದೊಂದು ಕೂಗು. ಎರಡು ಹಿಂಡು ಒಂದೇ ತೋಡಿನಲ್ಲಿ ಬೆರೆತುಹೋದರೂ ಇಬ್ಬರು ಎರಡು ದಡದಲ್ಲಿ ನಿಂತು ಕೂಗಿದರೆ ಎಳೆ ಬಿಡಿಸಿದ ಹಾಗೆ ಬೇರೆಯಾಗುತ್ತವೆ. ಅಪ್ಪಚ್ಚನದು ಅವರಪ್ಪನಿಂದ ಬಂದ ಕೂಗು: ಹೂರಿಯಾ… ಹೂರಿಯಾ… ಹೋ ಹೋ, ಥಾ. ಕೊನೆಯ ‘ಥಾ’ ನೀರಿಗೆ ಕಲ್ಲು ಬಿದ್ದಂತೆ ಬೀಳಬೇಕು. ಹೋದ ಕ್ರಿಸ್‌ಮಸ್ಸಿಗೆ ಊರಿಗೆ ಹೋದಾಗ ಅದನ್ನು ಫೋನಿನಲ್ಲಿ ಹಿಡಿದುಕೊಂಡು ಬಂದಿದ್ದೆ. ಸ್ಟುಡಿಯೊದಲ್ಲಿ ಊಟದ ಡಬ್ಬಿ ತೆರೆದಾಗ ಒಂದೊಂದು ಸಲ ಕಿವಿಗೆ ಹಾಕಿಕೊಂಡು ಕೇಳುತ್ತಿದ್ದೆ. ಆ ಕಟ್ಟಡದಲ್ಲಿ ಅದೊಂದೇ ಕೇಳುವಂತಿದ್ದ ಸದ್ದು.

ಒಂದು ದಿನ ಇಯರ್‌ಫೋನಿನ ತುದಿ ಸರಿಯಾಗಿ ಕೂತಿರಲಿಲ್ಲ. ಕೂಗು ಕೋಣೆಯ ತುಂಬ ಬಿತ್ತು. ಎಲ್ವಿನ್ ಗಾಜಿನ ಆಚೆಯಿಂದ ಎದ್ದು ಬಂದ.

“ಏ ರಿನ್ಸಿ, ಏನದು? ಎಲ್ಲೀದು ಈ ವಾಯ್ಸು?”

“ಕಾಯಲಿಂದ, ಚೇಟ್ಟ,” ಎಂದೆ. ನಾವು ಹಿನ್ನೀರಿಗೆ ಕಾಯಲ್, ನಮಗಿಂತ ಹಿರಿಯನಿಗೆ ಚೇಟ್ಟ ಎನ್ನುವುದು. ನನ್ನ ಬಾಯಲ್ಲಿ ಅನ್ನವಿತ್ತು, ದನಿ ಎಂದಿನಂತೆ ಗಂಟಲಲ್ಲೇ ಇತ್ತು.

“ಕಾಡಿಂದಾನಾ?” ಅವನ ಕಣ್ಣು ಅಗಲವಾಯಿತು. “ನಂಗನ್ನಿಸ್ತು. ಯಾವ ಕಾಡು, ವಯನಾಡಾ? ಅಟ್ಟಪ್ಪಾಡಿನಾ? ಇರ್ಲಿ, ಅದೆಲ್ಲ ಆಮೇಲೆ. ಮೊದ್ಲು ನಂಗೆ ಕಳ್ಸು.”

ನಾನು ಅನ್ನ ನುಂಗಿದೆ. ಎರಡನೇ ಸಲ ಹೇಳಬೇಕಿತ್ತು. ನನಗೆ ಎರಡನೇ ಸಲ ಹೇಳುವುದು ಬರುವುದಿಲ್ಲ. ಮೊದಲ ಸಲವೇ ಯಾರಿಗೂ ಕೇಳಿಸದ್ದನ್ನು ಮತ್ತೆ ಹೇಳುವಾಗ ನಾನೇ ಸುಳ್ಳು ಹೇಳುತ್ತಿರುವ ಹಾಗೆ ಅನಿಸುತ್ತದೆ. ಕಳಿಸಿದೆ. ಇವನು ಹಂದಿಯ ಗುಟುರಿನಂತೆ ಇದನ್ನೂ ನಾಲ್ಕು ದಿನ ಆಡಿಸಿ ಬಿಸಾಡುತ್ತಾನೆ ಎಂದುಕೊಂಡೆ. ಅವನ ಮೇಲೆ ನನಗಿದ್ದ ಅಸಡ್ಡೆಯೇ ನನಗೆ ಮೋಸ ಮಾಡಿತು.

ಅವನು ಬಿಸಾಡಲಿಲ್ಲ. ಚೆಂಡೆ, ಗಿಟಾರು, ನಲವತ್ತು ಜನರ ಕೋರಸ್ಸು, ಎಲ್ಲವನ್ನೂ ಗಕ್ಕನೆ ನಿಲ್ಲಿಸಿ, ಆ ಮೌನದ ನಡುವೆ ಬರೀ ಅಪ್ಪಚ್ಚನ ಕೂಗನ್ನು ಬಿಟ್ಟ. ಇಡೀ ಆಲ್ಬಮ್ಮಿನಲ್ಲಿ ಅವನು ಬುದ್ಧಿ ಉಪಯೋಗಿಸಿದ್ದು ಆ ಆರು ಸೆಕೆಂಡಿನಲ್ಲಿ ಮಾತ್ರ.

ಸಾಹಿತ್ಯ ಬರೆದವರು ತ್ರಿವಿಕ್ರಮನ್ ಮಾಷ್. ಹೈಸ್ಕೂಲಿನಲ್ಲಿ ಮೇಷ್ಟರಾಗಿದ್ದವರು, ನಿವೃತ್ತರಾದ ಮೇಲೂ ಎದುರಿಗಿರುವವರೆಲ್ಲ ಒಂಬತ್ತನೇ ತರಗತಿಯವರೆಂದೇ ತಿಳಿದವರು. ರಾಗ ಮೊದಲು, ಮಾತು ಆಮೇಲೆ. ಎಲ್ವಿನ್ ‘ತನನ’ ಎಂದಲ್ಲಿ ಅವರು ‘ರುಧಿರ’ ಎಂದು ತುಂಬುತ್ತಿದ್ದರು. ‘ತನನನ’ ಇದ್ದರೆ ‘ರುಧಿರಜ್ವಾಲೆ’. ಕೂಗು ಕೇಳಿಸಿದಾಗ ಅವರು ಕಣ್ಣು ಮುಚ್ಚಿದರು.

“ಎಲ್ವಿನ್, ಇದು ಬರೀ ಶಬ್ದ ಅಲ್ಲಪ್ಪ. ‘ಹೂ’ ಅಂದ್ರೆ ಹುಂಕಾರ. ‘ರಿ’ ಅಂದ್ರೆ ರಿಪು, ಶತ್ರು. ‘ಥಾ’ ಅಂದ್ರೆ ತಾಂಡವ. ಶತ್ರು ಎದೆ ಮೇಲೆ ತಾಂಡವ. ಯುದ್ಧಕ್ಕೆ ಹೊರಟ ಗೋತ್ರದ ಮೂಪ್ಪನ, ಬುಡಕಟ್ಟಿನ ಯಜಮಾನನ ಕೂಗು ಇದು. ಸಾವಿರ ವರ್ಷ ಆದ್ರೂ ಆಗಿರುತ್ತೆ.”

“ಮೈ ಜುಮ್ಮಂತು ಮಾಷೇ,” ಎಂದ ಎಲ್ವಿನ್, ತೋಳಿನ ರೋಮ ತೋರಿಸುತ್ತಾ.

ನಾನು ಮೂಲೆಯಲ್ಲಿ ಕೂತು ‘ರುಧಿರಜ್ವಾಲೆ’ಯನ್ನು ಇಂಗ್ಲಿಷ್ ಅಕ್ಷರದಲ್ಲಿ ಬರೆಯುತ್ತಿದ್ದೆ. ‘ಬನ್ನಿ ಮಕ್ಕಳಾ, ಗೂಡು ಸೇರೋ ಹೊತ್ತಾಯ್ತು’ ಎಂಬುದರ ಆಚೆ ಆ ಕೂಗಿಗೆ ಯಾವ ಅರ್ಥವೂ ಇಲ್ಲ. ಡೈರಿಯಲ್ಲಿ ಆ ದಿನ ಬರೆದಿದ್ದೇನೆ: ಇವರ ಮುಂದೆ ಕುಕ್ಕರ್ ಕೂಗಿದರೂ ವೇದ ಹುಡುಕುತ್ತಾರೆ.

ಏಪ್ರಿಲ್‌ನ ವಿಷು ಹಬ್ಬಕ್ಕೆ ಚಿತ್ರ ಬಿಡುಗಡೆ ಎಂದು ಗೊತ್ತಾಯಿತು. ಅದಕ್ಕೆ ಮೂರು ವಾರ ಮೊದಲು ಮೂರನೇ ಹಾಡನ್ನು ಮಾತ್ರ ಹೊರಗೆ ಬಿಟ್ಟರು. ಬಿಟ್ಟ ನಾಲ್ಕನೇ ದಿನಕ್ಕೆ ಕೊಚ್ಚಿಯ ಖಾಸಗಿ ಬಸ್ಸುಗಳ ಡ್ರೈವರುಗಳೆಲ್ಲ ಗೋತ್ರದ ಮೂಪ್ಪರಾಗಿದ್ದರು. ಕಾಲೇಜು ಹುಡುಗರು ಬೈಕಿನ ಮೇಲೆ ‘ಹೂರಿಯಾ’ ಎಂದು ಅರಚಿಕೊಂಡು ಹೋಗುತ್ತಿದ್ದರು. ಅಪ್ಪಚ್ಚನ ದನಿ ಹಣ್ಣಿನ ಅಂಗಡಿಯಲ್ಲಿ, ಮೆಟ್ರೊ ನಿಲ್ದಾಣದ ಕೆಳಗೆ, ಹಾಸ್ಟೆಲ್ಲಿನ ಪಕ್ಕದ ಕೋಣೆಯಲ್ಲಿ. ನಾನು ಕತ್ತು ಬಗ್ಗಿಸಿಕೊಂಡು ನಡೆಯುತ್ತಿದ್ದೆ.

ಆರನೇ ದಿನ ಅಪ್ಪಚ್ಚನ ಫೋನು ಬಂತು. ಅವರು ಸುಮ್ಮನೆ ಫೋನು ಮಾಡುವವರಲ್ಲ.

“ಮೋಳೇ, ನಮ್ಮ ಬೋಟ್ ಜೆಟ್ಟಿ ಹತ್ರ ಅದ್ಯಾವ್ದೋ ಸಿನಿಮಾದ ಪೆಟ್ಟಿಗೆ ಇಟ್ಟಿದಾರೆ. ದಿನಾ ಪೂರ್ತಿ ಕಿರುಚುತ್ತೆ.”

“ಹೂಂ.”

“ಅದ್ರೊಳಗೆ ಯಾವನೋ ನನ್ನ ಥರಾನೇ ಕೂಗ್ತಾನೆ. ಗಂಟಲು ಅಷ್ಟು ಚೆನ್ನಾಗಿಲ್ಲ ಬಿಡು. ಆದ್ರೆ ಬಾತುಗಳಿಗೆ ಅಷ್ಟೆಲ್ಲ ಸಂಗೀತ ಜ್ಞಾನ ಎಲ್ಲಿಂದ ಬರ್ಬೇಕು. ಎಲ್ಲಾ ಬಿಟ್ಟು ಆ ಕಡೆ ಓಡ್ತವೆ.”

ನಾನು ಫೋನನ್ನು ಇನ್ನೊಂದು ಕಿವಿಗೆ ಬದಲಿಸಿದೆ.

“ನೀನು ಆ ಹಾಡಿನ ಜನದ ಜೊತೆ ತಾನೆ ಇರೋದು. ಯಾರು ಅಂತ ವಿಚಾರ್ಸು. ನಮ್ಮ ಪಕ್ಕದೂರು ಕೈನಕರಿ ಕಡೆಯವನೇ ಇರ್ಬೇಕು, ಕಳ್ಳ.”

ಆ ಭಾನುವಾರ ಆಲಪ್ಪುಳದಿಂದ ಬೋಟು ಹಿಡಿದು ಊರಿಗೆ ಹೋದೆ. ಜೆಟ್ಟಿಯಲ್ಲಿ ಇಳಿಯುವ ಮೊದಲೇ ಕಂಡಿತು. ಚಹಾದ ಅಂಗಡಿಯ ಪಕ್ಕ ಅಣ್ಣನ್‌ನ ಇಪ್ಪತ್ತಡಿ ಫ್ಲೆಕ್ಸು, ಅದರ ಬುಡದಲ್ಲಿ ನನ್ನೆತ್ತರದ ಎರಡು ಸ್ಪೀಕರ್ ಪೆಟ್ಟಿಗೆಗಳು, ಅವುಗಳ ಬಾಯಿ ಗದ್ದೆಯ ಕಡೆಗೆ. ಜೆಟ್ಟಿಗೂ ಅಪ್ಪಚ್ಚ ಬಾತು ಮೇಯಿಸುವ ಗದ್ದೆಗೂ ನಡುವೆ ಗದ್ದೆಯ ಒಡೆಯ ಔತ ಮುದಲಾಳಿಯ ಇನ್ನೊಂದು ತಾಕು, ಅದರಲ್ಲಿ ಭತ್ತ ಹಣ್ಣಾಗಿ ಬಾಗಿತ್ತು. ಎರಡೂ ತಾಕು ಔತ ಮುದಲಾಳಿಯದೇ. ಒಂದು ಕೊಯ್ಲಾಗಿ ಬಾತಿಗೆ ಬಿಟ್ಟಿದ್ದರು. ಇನ್ನೊಂದಕ್ಕೆ ಕೊಯ್ಲಿನ ಯಂತ್ರ ಬರುವುದು ಹನ್ನೆರಡು ದಿನ ತಡ.

ಅಪ್ಪಚ್ಚ ಏರಿಯ ಮೇಲೆ ಉದ್ದದ ಬಿದಿರು ಹಿಡಿದು ನಿಂತಿದ್ದರು. ಪಕ್ಕದಲ್ಲಿ ಕೊಡೆ ಹಿಡಿದು ಔತ ಮುದಲಾಳಿ.

“ಕುರುವಿಳಾ, ನಿನ್ನೆ ಒಂದು ಮೂಲೆ ತುಳಿದಿವೆ. ನಾನು ಕಂಡೂ ಕಾಣದ ಹಾಗಿದ್ದೆ,” ಎಂದರು ಮುದಲಾಳಿ. “ಇನ್ನೊಂದು ಸಲ ಆದ್ರೆ ಈ ಗದ್ದೆನೂ ಇಲ್ಲ, ಮುಂದಿನ ವರ್ಷನೂ ಇಲ್ಲ. ಆಮೇಲೆ ಬೇಜಾರು ಮಾಡ್ಕೋಬೇಡ.”

“ನಾನೇನು ಮಾಡ್ಲಿ ಮುದಲಾಳಿ, ಅವನು ಕರೀತಾನೆ, ಇವು ಹೋಗ್ತವೆ.”

“ಯಾರು ಕರೆಯೋದು?”

“ಆ ಮೀಸೆ,” ಎಂದು ಅಪ್ಪಚ್ಚ ಫ್ಲೆಕ್ಸಿನ ಕಡೆ ಗಲ್ಲ ಎತ್ತಿದರು.

ಅಷ್ಟರಲ್ಲಿ ಚೆಂಡೆ ನಿಂತಿತು. ಆ ಮೌನ ಬಂತು. ಹೂರಿಯಾ… ಹೂರಿಯಾ… ಗದ್ದೆಯ ತುಂಬ ಬಗ್ಗಿದ್ದ ಕತ್ತುಗಳು ಒಟ್ಟಿಗೆ ಎದ್ದವು. ಒಂಬೈನೂರು ಬಾತುಗಳು ಒಂದು ಮಾತೂ ಆಡದೆ ಜೆಟ್ಟಿಯ ಕಡೆ ತಿರುಗಿ ಹೊರಟವು. ಅಪ್ಪಚ್ಚ ಓಡಿದರು. ಬಿದಿರನ್ನು ಅಡ್ಡ ಹಿಡಿದು, ಕೆಸರಲ್ಲಿ ಮೊಣಕಾಲವರೆಗೆ ಹೂತು, ಅದೇ ಕೂಗನ್ನು ಈ ಕಡೆಯಿಂದ ಕೂಗಿದರು. ಬಾತುಗಳು ನಿಂತವು. ಅರ್ಧ ಆ ಕಡೆ ನೋಡಿದವು, ಅರ್ಧ ಈ ಕಡೆ. ಅಪ್ಪಚ್ಚ ಎಂಬ ಮನುಷ್ಯನಿಗೂ ಅಪ್ಪಚ್ಚನ ದನಿಗೂ ಮಧ್ಯೆ ಅವು ಸಿಕ್ಕಿಕೊಂಡಿದ್ದವು. ಪೆಟ್ಟಿಗೆಯ ಅಪ್ಪಚ್ಚನ ದನಿಯೇ ಜೋರು.

ನಾನೂ ಇಳಿದು ಸೆರಗು ಬೀಸಿ ತಡೆದೆ. ಎಲ್ಲ ತಹಬಂದಿಗೆ ಬಂದ ಮೇಲೆ ಏರಿಯ ಮೇಲೆ ಕೂತು ಕೆಸರು ತೊಳೆಯುತ್ತಾ ಹೇಳಿದೆ, ಆ ದನಿ ಯಾರದೆಂದು, ಅಲ್ಲಿಗೆ ಹೇಗೆ ಹೋಯಿತೆಂದು.

ಅಪ್ಪಚ್ಚ ಬೀಡಿ ಹಚ್ಚಿದರು.

“ಹಂಗಾದ್ರೆ ಗಂಟಲು ಚೆನ್ನಾಗಿಲ್ಲ ಅಂದೆನಲ್ಲ, ಅದು ನನ್ನದೇನಾ,” ಎಂದರು. ಆಮೇಲೆ ನನ್ನ ಮುಖ ನೋಡದೆ, “ಅದನ್ನ ತೆಗ್ಸು. ಹನ್ನೆರಡು ದಿನ ಇವನ್ನ ದೊಡ್ಡಿಲಿ ಕೂಡಿ ಹಾಕಿದ್ರೆ ನಾನೇನು ತಿನ್ಸೋದು? ಬೇರೆ ಗದ್ದೆ ಎಲ್ಲಾ ಬೇರೆಯವರು ಹಿಡಿದಾಗಿದೆ. ಈ ಗದ್ದೆ ಹೋದ್ರೆ ಈ ಹಿಂಡು ಇಲ್ಲ. ಅಷ್ಟೆ ಲೆಕ್ಕ.”

ಮೊದಲು ಚಹಾದ ಅಂಗಡಿಗೆ ಹೋದೆ. ಅಭಿಮಾನಿ ಸಂಘದ ಅಧ್ಯಕ್ಷ ಸುಭಿಲಾಷ್, ನನಗಿಂತ ಎರಡು ವರ್ಷ ಚಿಕ್ಕವನು, ಪ್ಲಾಸ್ಟಿಕ್ ಕುರ್ಚಿಯಲ್ಲಿ ಪೆಟ್ಟಿಗೆಗಳ ನಡುವೆ ಕೂತು ಪರಿಪ್ಪುವಡೆ ತಿನ್ನುತ್ತಿದ್ದ.

“ಆ ಹಾಡು ಸ್ವಲ್ಪ…” ಎಂದೆ.

“ಸ್ವಲ್ಪ ಜೋರು ಮಾಡ್ಬೇಕಾ ಚೇಚಿ?”

ಅವನ ಹಿಂದೆ ಕೂತಿದ್ದವರು ನಕ್ಕರು. ನಾನು ಬಾತುಗಳ ವಿಷಯ ಹೇಳಿದೆ.

“ಬಾತುಗಳೂ ಅಣ್ಣನ್ ಫ್ಯಾನ್ಸ್ ಅಂತಾಯ್ತು,” ಎಂದ ಸುಭಿಲಾಷ್. “ಸಂಘಕ್ಕೆ ಸೇರಿಸ್ಕೋತೀವಿ ಬಿಡಿ. ವಿಷುವಿನ ತನಕ ಇದು ನಿಲ್ಲಲ್ಲ ಚೇಚಿ. ಮಾತು ಕೊಟ್ಟಾಗಿದೆ.”

ಯಾರಿಗೆ ಮಾತು ಕೊಟ್ಟಿದ್ದ ಎಂದು ಕೇಳಲಿಲ್ಲ. ಅಣ್ಣನ್‌ಗೆ ಚೇನ್ನಂಕರಿ ಎಂಬ ಊರಿದೆ ಎಂಬುದೇ ಗೊತ್ತಿರಲಾರದು.

ಸೋಮವಾರ ಸ್ಟುಡಿಯೊದಲ್ಲಿ ಎಲ್ವಿನ್‌ಗೆ ಹೇಳಿದೆ. ಬರುವಾಗ ಬೋಟಿನಲ್ಲಿ, ಬಸ್ಸಿನಲ್ಲಿ ಆ ನಾಲ್ಕು ವಾಕ್ಯಗಳನ್ನು ಡೈರಿಯ ಹಿಂದಿನ ಪುಟದಲ್ಲಿ ಬರೆದು ಬಾಯಿಪಾಠ ಮಾಡಿಕೊಂಡಿದ್ದೆ. ನಿಂತು ಒಪ್ಪಿಸಿದೆ. ಅದು ಕಾಡಲ್ಲ, ಕಾಯಲ್. ಆತ ಮೂಪ್ಪ ಅಲ್ಲ, ನನ್ನ ತಂದೆ. ಅದು ಯುದ್ಧದ್ದಲ್ಲ, ಬಾತು ಕರೆಯುವುದು. ದಯವಿಟ್ಟು ತೆಗೆಯಿರಿ.

ಎಲ್ವಿನ್ ನನ್ನ ಮುಖವನ್ನೇ ನೋಡಿದ. ಎರಡು ವರ್ಷದಲ್ಲಿ ನಾನು ಅಷ್ಟು ಉದ್ದ ಮಾತಾಡಿದ್ದು ಅದೇ ಮೊದಲು.

“ಬಾತಾ?”

“ಹೂಂ.”

“ಕ್ವ್ಯಾಕ್ ಕ್ವ್ಯಾಕ್ ಬಾತಾ?”

“ಹೂಂ ಚೇಟ್ಟ.”

ಅವನು ಎದ್ದು ಹೋಗಿ ಬಾಗಿಲು ಹಾಕಿಕೊಂಡು ಬಂದ. “ಇನ್ನು ಯಾರಿಗೆ ಹೇಳಿದೀಯಾ?”

“ಯಾರಿಗೂ ಇಲ್ಲ.”

“ಹೇಳ್ಬೇಡ. ನೋಡು ರಿನ್ಸಿ, ಇಡೀ ಪಿಕ್ಚರ್ ಆ ಕೂಗಿನ ಮೇಲೆ ನಿಂತಿದೆ. ಟ್ರೈಲರ್‌ನಲ್ಲಿ ಅದೇ, ಪೋಸ್ಟರಿನಲ್ಲಿ ಅದೇ. ಅಣ್ಣನ್ ತೊಡೆ ಮೇಲೆ ಅದನ್ನ ಹಚ್ಚೆ ಹಾಕಿಸ್ಕೊಂಡಿದಾರೆ ಅಂತೆ. ನಿಮ್ಮಪ್ಪಂಗೆ ಹೇಳು, ಬೇರೆ ಥರ ಕೂಗೋದಕ್ಕೆ. ಏನು ದೊಡ್ಡ ವಿಷಯ? ಬಾತಿಗೆ ಏನು ಗೊತ್ತಾಗುತ್ತೆ?”

ಸೋಫಾದಲ್ಲಿ ತ್ರಿವಿಕ್ರಮನ್ ಮಾಷ್ ಇದ್ದರು. ಅವರು ಕೆಮ್ಮಿ, “ಮೋಳೇ, ನಿಮ್ಮಪ್ಪಂಗೇ ಅದರ ಅರ್ಥ ಗೊತ್ತಿಲ್ದೆ ಇರ್ಬೋದು,” ಎಂದರು. “ಪರಂಪರೆಯಿಂದ ಬಂದಿರುತ್ತೆ. ಯುದ್ಧದ ಕೂಗು ಕಾಲಕ್ರಮದಲ್ಲಿ ಬಾತಿಗೆ ಇಳಿದಿದೆ. ಅದು ಪತನ. ನಾವು ಅದನ್ನ ಮೇಲೆತ್ತಿದೀವಿ.”

“ಅದೇ ಮತ್ತೆ,” ಎಂದ ಎಲ್ವಿನ್. “ಶುಕ್ರವಾರ ಪೂರ್ತಿ ಆಲ್ಬಮ್ ಬರುತ್ತೆ. ಹೆಸರಿನ ಪಟ್ಟಿ ಇವತ್ತೇ ಆಡಿಯೊ ಕಂಪನಿಗೆ ಹೋಗ್ಬೇಕು. ಮೂರನೇದಕ್ಕೆ ‘ಗೋತ್ರದನಿ: ಅಜ್ಞಾತ ಹಿರಿಯ’ ಅಂತ ಹಾಕು. ಹಾಕಿ ನಂಗೆ ಕಳ್ಸು, ನಾನು ನೋಡಿ ಓಕೆ ಮಾಡ್ತೀನಿ.”

ನಾನು ಕುರ್ಚಿಗೆ ಹೋಗಿ ಕೂತೆ. ಪತನ ಎಂಬ ಮಾತು ಕಿವಿಯಲ್ಲೇ ಇತ್ತು. ಕೆಸರಲ್ಲಿ ಹೂತು ತಮ್ಮದೇ ದನಿಯ ಎದುರು ಕೂಗುತ್ತಿದ್ದವರು ಕಣ್ಣಿಗೆ ಬಂದರು. ಎರಡು ವರ್ಷದಲ್ಲಿ ನಾನು ಕಳಿಸಿದ ಒಂದು ಪಟ್ಟಿಯನ್ನೂ ಎಲ್ವಿನ್ ಓದಿಲ್ಲ. ಒಮ್ಮೆ ಅವನದೇ ಹೆಸರನ್ನು ನಾನು ತಪ್ಪಾಗಿ ‘ಎಲ್ವಿನ್ ಇಡ್ಲಿ’ ಎಂದು ಹೊಡೆದಿದ್ದೆ, ಅದಕ್ಕೂ ಹೆಬ್ಬೆರಳು ಎತ್ತಿ ಕಳಿಸಿದ್ದ. ಕೊನೇ ಗಳಿಗೆಯಲ್ಲಿ ನಾನೇ ತಿದ್ದಿದ್ದೆ. ಟೈಪ್ ಮಾಡಿದೆ:

ಹಾಡು ಮೂರು. ಬಾತುಕೋಳಿಗಳನ್ನು ಗೂಡಿಗೆ ಕರೆಯುವ ಕೂಗು: ಕುರುವಿಳ, ಚೇನ್ನಂಕರಿ.

ಕಳಿಸಿದೆ. ಒಂದು ನಿಮಿಷದೊಳಗೆ ಹೆಬ್ಬೆರಳು ಬಂತು. ಕಂಪನಿಗೆ ದಾಟಿಸಿದೆ. ಅಲ್ಲಿಯವರೂ ಓದುವುದಿಲ್ಲ.

ಶುಕ್ರವಾರ ಬೆಳಿಗ್ಗೆ ಹನ್ನೊಂದಕ್ಕೆ ಆಲ್ಬಮ್ ಬಂತು. ಓದುವವರು ಟ್ರೋಲ್ ಮಾಡುವವರು ಮಾತ್ರ. ನಮ್ಮ ನಾಡಿನಲ್ಲಿ ಉಳಿದಿರುವ ಕೊನೆಯ ಶ್ರದ್ಧಾವಂತ ಓದುಗರು ಅವರೇ. ಮಧ್ಯಾಹ್ನದ ಊಟದ ಹೊತ್ತಿಗೆ ಅಣ್ಣನ್ ಜೀಪಿನ ಬೆಂಕಿಯಿಂದ ನಡೆದು ಬರುತ್ತಿದ್ದರೆ ಹಿಂದೆ ಸಾಲಾಗಿ ಬಾತುಗಳು ಬರುತ್ತಿದ್ದವು. ಸಂಜೆಗೆ ಅಣ್ಣನ್‌ಗೆ ಹಳದಿ ಕೊಕ್ಕು ಬಂದಿತ್ತು. ಮಾಷ್ ಯಾವುದೋ ಸಂದರ್ಶನದಲ್ಲಿ ‘ಥಾ ಅಂದರೆ ತಾಂಡವ’ ಎಂದದ್ದನ್ನು ಕತ್ತರಿಸಿ, ಪ್ರತಿ ಸಲ ‘ಥಾ’ ಎಂದಾಗಲೂ ಒಂದು ಮೊಟ್ಟೆ ಬೀಳುವಂತೆ ಮಾಡಿದ್ದರು. ಎಲ್ವಿನ್‌ಗೆ ನಿರ್ಮಾಪಕರ ಫೋನು ಬಂತು. ಗಾಜಿನ ಆಚೆ ಅವನು ‘ಸಾರ್, ಸಾರ್’ ಎನ್ನುತ್ತಾ ನಿಂತಿದ್ದ. ಹೊರಗೆ ಬಂದು ನನ್ನ ಮೇಜಿನ ಮುಂದೆ ನಿಂತ.

“ನಿಂಗೆ ಏನು ಮಾಡಿದ್ದೆ ನಾನು?”

ನಾನು ಅವನದೇ ಹೆಬ್ಬೆರಳನ್ನು ಫೋನಿನಲ್ಲಿ ತೋರಿಸಿದೆ.

“ನಾನು ಓದಲ್ಲ ಅಂತ ನಿಂಗೆ ಗೊತ್ತಿತ್ತು,” ಎಂದ ಅವನು. ನಿಜ. ಗೊತ್ತಿತ್ತು. ಬ್ಯಾಗು ತೆಗೆದುಕೊಂಡು ಇಳಿದೆ. ಬೇಕರಿಯವನು ಮಾತ್ರ, “ಏನು ಮೋಳೇ, ಇವತ್ತು ಬೇಗ?” ಎಂದ.

ಗೆದ್ದೆ ಎಂದುಕೊಂಡೇ ಶನಿವಾರ ಊರಿಗೆ ಹೋದೆ. ಜೆಟ್ಟಿಯಲ್ಲಿ ಪೆಟ್ಟಿಗೆಗಳು ಮೂಕವಾಗಿದ್ದವು. ಸುಭಿಲಾಷ್ ಕುರ್ಚಿಯಲ್ಲಿ ಇರಲಿಲ್ಲ. ಅಣ್ಣನ್‌ನ ಫ್ಲೆಕ್ಸಿಗೆ ಯಾರೋ ಸುಣ್ಣದಲ್ಲಿ ಕೊಕ್ಕು ಬರೆದಿದ್ದರು. ಆದರೆ ತೋಡಿನ ಆಚೆ ದಡದಲ್ಲಿ, ಇನ್ನೊಬ್ಬ ನಟನ ಅಭಿಮಾನಿ ಸಂಘದವರು ಹೊಸದಾಗಿ ನಾಲ್ಕು ಪೆಟ್ಟಿಗೆ ತಂದಿಟ್ಟಿದ್ದರು. ಅವರು ಅದೇ ಹಾಡನ್ನು ಹಾಕುತ್ತಿದ್ದರು, ಗೇಲಿಗೆ. ಹಾಡೂ ಅಲ್ಲ, ಆ ಆರು ಸೆಕೆಂಡು ಮಾತ್ರ, ಮತ್ತೆ ಮತ್ತೆ, ನಡುವೆ ಕೇಕೆ. ಒಂದು ಕಡೆಯ ಮೂರ್ಖರ ಭಕ್ತಿಯನ್ನು ನಾನು ನಿಲ್ಲಿಸಿದ್ದೆ. ಇನ್ನೊಂದು ಕಡೆಯ ಮೂರ್ಖರು ಉಳಿದಿದ್ದಾರೆಂದು ಲೆಕ್ಕ ಹಾಕಿರಲಿಲ್ಲ.

ಅಪ್ಪಚ್ಚ ಏರಿಯ ಮೇಲೆ ಕೂತಿದ್ದರು. ಓಡುತ್ತಿರಲಿಲ್ಲ.

ಕೂಗು ಬಂತು. ಒಂದು ಬಾತೂ ಕತ್ತೆತ್ತಲಿಲ್ಲ. ಕೆಸರಲ್ಲಿ ಕೊಕ್ಕು ಹಾಕಿ ತಮ್ಮ ಪಾಡಿಗೆ ಮೇಯುತ್ತಿದ್ದವು.

“ನಿಂತುಹೋಯ್ತಲ್ಲ ಅಪ್ಪಚ್ಚಾ,” ಎಂದೆ. “ಇನ್ನು ಪೆಟ್ಟಿಗೆ ಹಿಂದೆ ಹೋಗಲ್ಲ.”

“ಹೂಂ. ಬುಧವಾರದಿಂದ ನಿಂತಿದೆ.” ಅವರು ಎದ್ದು, ಎರಡೂ ಕೈ ಬಾಯಿಗಿಟ್ಟು, ಎದೆಯಿಂದ ಕೂಗಿದರು. ಹೂರಿಯಾ… ಹೂರಿಯಾ… ಹೋ ಹೋ, ಥಾ. ಕಲ್ಲು ನೀರಿಗೆ ಬಿದ್ದಿತು. ಬಾತುಗಳು ಮೇಯುತ್ತಲೇ ಇದ್ದವು.

“ನಾನು ಕೂಗಿದ್ಮೇಲೆ ಒಂದು ಹಿಡಿ ಭತ್ತ ಹಾಕ್ತಿದ್ದೆ,” ಎಂದರು ಅಪ್ಪಚ್ಚ. “ಒಂದಿನಾನೂ ತಪ್ಪಿಸಿಲ್ಲ. ಆ ಪೆಟ್ಟಿಗೆ ದಿನಕ್ಕೆ ಇನ್ನೂರು ಸಲ ಕೂಗಿ ಏನೂ ಹಾಕಲಿಲ್ಲ. ಸುಳ್ಳ ಅಂತ ಅವಕ್ಕೆ ಗೊತ್ತಾಯ್ತು. ಈಗ ನಾನೂ ಸುಳ್ಳನೇ.”

ಆ ಸಂಜೆ ಒಂಬೈನೂರು ಬಾತುಗಳನ್ನು ನಾವು ಮೂವರು, ಅಪ್ಪಚ್ಚ, ನನ್ನ ತಾಯಿ ಅಮ್ಮಚ್ಚಿ, ನಾನು, ಬಿದಿರು ಹಿಡಿದು, ನೀರು ಚೆಲ್ಲಿ, ಬೈದು ದೊಡ್ಡಿಗೆ ಸೇರಿಸಿದೆವು. ಅರವತ್ತು ಸಿಗಲಿಲ್ಲ. ಮಾರನೇ ದಿನ ಕೆಲವು ಕೈನಕರಿಯ ಒಬ್ಬನ ಹಿಂಡಿನಲ್ಲಿ ಕಂಡವು. ಅವನು ಕೂಗಿದರೆ ಹೋಗುತ್ತಿದ್ದವು.

ವಿಷುವಿಗೆ ಎರಡು ದಿನ ಇರುವಾಗ ಕಂಪನಿಯವರು ಆ ಕೂಗನ್ನು ಎಲ್ಲೆಡೆಯಿಂದ ಅಳಿಸಿದರು. ಅದರ ಜಾಗದಲ್ಲಿ ಎಲ್ವಿನ್ ತಾನೇ ಕಿರುಚಿದ್ದಾನೆ. ಯಾರೇ ಹಳೆಯದನ್ನು ಹಾಕಿದರೂ ‘ಈ ಧ್ವನಿ ನಮ್ಮ ಸ್ವತ್ತು’ ಎಂದು ಕಂಪನಿ ತೆಗೆಸುತ್ತದೆ. ಈ ಹಾಡು ಹುಟ್ಟುವ ಮೊದಲೇ, ಹಿಂದಿನ ಓಣಂಗೆ, ಪಕ್ಕದ ಮನೆಯ ಜಿನ್ಸಮ್ಮ ಅಪ್ಪಚ್ಚ ಬಾತು ಕರೆಯುವುದನ್ನು ವಿಡಿಯೊ ಮಾಡಿ ಹಾಕಿದ್ದಳು. ಅದನ್ನೂ ತೆಗೆಸಿದರು. ಚಿತ್ರ ಬಂತು, ಓಡಿತು. ಜನ ಶಿಳ್ಳೆ ಹೊಡೆದರು. ಎಲ್ವಿನ್‌ಗೆ ಮುಂದಿನ ಚಿತ್ರ ಸಿಕ್ಕಿದೆ, ಅದರ ಹೆಸರಿನಲ್ಲಿ ಎರಡು ಆಯುಧಗಳಿವೆ. ಇವರಿಗೆ ಏನೂ ಆಗುವುದಿಲ್ಲ. ಇವರಿಗೆ ಆಗುವುದಕ್ಕೆ ಒಳಗೆ ಏನಾದರೂ ಇರಬೇಕು.

ಔತ ಮುದಲಾಳಿ ತಮ್ಮ ತಾಕು ಕೊಯ್ಯಿಸಿ ಅದನ್ನೂ ಬಾತಿಗೆ ಬಿಟ್ಟುಕೊಟ್ಟರು. ಗದ್ದೆ ಉಳಿಯಿತು. ಅಪ್ಪಚ್ಚ ಹಳೆಯ ಕೂಗನ್ನು ಮತ್ತೆ ಎತ್ತಲಿಲ್ಲ. ಮೇ ತಿಂಗಳಲ್ಲಿ ನಾನೂರು ಹೊಸ ಮರಿಗಳನ್ನು ತಂದರು. ನಾನು ಆಲಪ್ಪುಳದ ಒಂದು ಟ್ಯೂಷನ್ ಮನೆಯಲ್ಲಿ ಪಾಠಕ್ಕೆ ಸೇರಿ ಶನಿವಾರ ಶನಿವಾರ ಊರಿಗೆ ಬರುತ್ತಿದ್ದೆ. ನಾನು ಬಂದ ದಿನಗಳಲ್ಲಿ ಅಪ್ಪಚ್ಚ ಸಂಜೆ ಒಂದು ತಗಡಿನ ಡಬ್ಬಿ ಬಡಿಯುತ್ತಿದ್ದರು. ಮರಿಗಳು ಅದಕ್ಕೆ ಅಷ್ಟೇನೂ ಬೇಗ ಬರುತ್ತಿರಲಿಲ್ಲ. ಅರ್ಧ ಗಂಟೆ, ಮುಕ್ಕಾಲು ಗಂಟೆ ಹಿಡಿಯುತ್ತಿತ್ತು.

“ಡಬ್ಬಿ ಸಾಕಾಗ್ತಿಲ್ಲ, ಅಲ್ವಾ?” ಎಂದು ಅಮ್ಮಚ್ಚಿಯನ್ನು ಕೇಳಿದೆ. ಅವಳು ಮರಗೆಣಸು ಸುಲಿಯುತ್ತಿದ್ದಳು.

“ಬೇರೆ ದಿನ ಡಬ್ಬಿ ಎಲ್ಲಿ ಬಡೀತಾರೆ? ಕೂಗ್ತಾರಲ್ಲ. ಹೊಸದು. ಒಂದು ಕೂಗಿಗೆ ಎಲ್ಲಾ ಬಂದು ಕಾಲ ಹತ್ರ ನಿಲ್ತವೆ.”

“ಹೇಗೆ ಕೂಗ್ತಾರೆ?”

ಅಮ್ಮಚ್ಚಿ ಚಾಕು ನಿಲ್ಲಿಸಿದಳು. “ನಿಂಗೆ ಹೇಳ್ಬೇಡ ಅಂದಿದಾರೆ,” ಎಂದಳು. ಆಮೇಲೆ, “ಬೇಜಾರು ಮಾಡ್ಕೋಬೇಡ. ಫೋನ್ ಇರೋ ಯಾರ ಮುಂದೇನೂ ಕೂಗಲ್ಲ ಅವರು.”

ನನ್ನನ್ನು ಸಮಾಧಾನ ಮಾಡುವುದಕ್ಕೆ ಅವಳು ಅದನ್ನು ಸೇರಿಸಿದಳು. ಎಲ್ವಿನ್, ಮಾಷ್, ಸುಭಿಲಾಷ್, ಆಚೆ ದಡದ ಕೇಕೆಯವರು, ಇವರೆಲ್ಲರನ್ನೂ ನಾನು ಡೈರಿಯಲ್ಲಿ ಸಾಲಾಗಿ ನಿಲ್ಲಿಸಿ ಉಗಿದಿದ್ದೆ. ಅಪ್ಪಚ್ಚ ಆ ಸಾಲಿನ ಕೊನೆಯಲ್ಲಿ ನನ್ನನ್ನೂ ನಿಲ್ಲಿಸಿದ್ದರು, ಜಗಳವಿಲ್ಲದೆ, ಒಂದು ಡಬ್ಬಿ ಬಡಿದು.

ಭಾನುವಾರ ಸಂಜೆ ಐದರ ಬೋಟಿಗೆ ಜೆಟ್ಟಿಗೆ ಬಂದೆ. ಅಪ್ಪಚ್ಚ ಏರಿಯ ಮೇಲೆ ನಿಂತಿದ್ದರು. ಹೊತ್ತು ಇಳಿಯುತ್ತಿತ್ತು, ಬಾತುಗಳು ಇನ್ನೂ ಗದ್ದೆಯಲ್ಲೇ ಇದ್ದವು. ಅಪ್ಪಚ್ಚ ಡಬ್ಬಿಯನ್ನು ನೆಲದ ಮೇಲಿಟ್ಟು ಬೋಟನ್ನೇ ನೋಡುತ್ತಿದ್ದರು. ನಾನು ಕೈ ಬೀಸಿದೆ, ಅವರೂ ಬೀಸಿದರು. ಬೋಟು ತಿರುವಿನತ್ತ ಹೊರಳುವವರೆಗೂ ಅವರು ಬಾಯಿ ತೆರೆಯಲಿಲ್ಲ. ತಿರುವು ದಾಟುವಾಗ ಹಿಂದಿನ ಬೆಂಚಿನಿಂದ ಎದ್ದು ನೋಡಿದೆ. ತೆಂಗಿನ ಸಾಲಿನ ಸಂದಿಯಲ್ಲಿ ಗದ್ದೆ ಒಂದು ಕ್ಷ‍ಣ ಕಂಡಿತು. ಬಾತುಗಳೆಲ್ಲ ಒಂದೇ ಕಡೆ ಓಡುತ್ತಿದ್ದವು. ಎಂಜಿನ್ನಿನ ಸದ್ದಿಗೆ ನನಗೆ ಏನೂ ಕೇಳಿಸಲಿಲ್ಲ.